ಅಸಲಿಗೆ

ಸುಮನಹಳ್ಳಿ ಡಿಪೋದಲ್ಲಿ ದಿನದ ಕಲೆಕ್ಷನ್ ಕಟ್ಟಿ
ಗೋಡೆ ಪಕ್ಕದ ಬೆಂಚಿನಲ್ಲಿ ಕೂತೆ.
ಬ್ಯಾಂಕಿನ ಹಾಳೆಗಳು ಆರು ದಿನದಿಂದ ಬ್ಯಾಗಿನಲ್ಲೇ ಇದ್ದವು,
ಚಿಲ್ಲರೆಯ ಭಾರಕ್ಕೆ ಮಡಿಕೆ ಬಿದ್ದು.
ಹಳೆಯದರಲ್ಲಿ ಇನ್ನೂರ ನಲವತ್ತು ಸಾಲು,
ಹೊಸದರಲ್ಲಿ ಇನ್ನೂರ ಅರವತ್ತೇಳು.
ಸಾಲಕ್ಕೆ ಅಷ್ಟು ಸಾಲೂ ಸಾಲದೆಂದು ನನಗೇನು ಗೊತ್ತು.

ಹದಿನೇಳು ವರ್ಷ ಟಿಕೆಟ್ ಹರಿದ ಕೈ.
ಬ್ರೇಕ್ ಹೊಡೆದು ಜನ ಮೈಮೇಲೆ ಬಿದ್ದಾಗಲೂ
ಲೆಕ್ಕ ತಪ್ಪಿದವಳಲ್ಲ.
ಆದರೂ ಮೊದಲ ಸಾಲಿನ ಮೇಲೆ ಮೂರು ಸಲ ಬೆರಳಿಟ್ಟೆ:
ಕಂತು ಇಪ್ಪತ್ತಾರು ಸಾವಿರದ ಮೂವತ್ತೈದು,
ಬಡ್ಡಿ ಇಪ್ಪತ್ತೊಂದು ಸಾವಿರದ ಇನ್ನೂರೈವತ್ತು,
ಅಸಲು
ನಾಲ್ಕು ಸಾವಿರದ ಏಳುನೂರ ಎಂಬತ್ತೈದು.

ಅಂದರೆ ಆ ತಿಂಗಳು ನಾವು ಕೊಂಡದ್ದು ಒಂದೇ ಒಂದು ಚದರಡಿ.
ಒಂದು ಜೊತೆ ಚಪ್ಪಲಿ ಬಿಡುವಷ್ಟು ಜಾಗ.

ಮನೆ ಕಟ್ಟಿ ನೋಡು ಅಂದವರು
ಯಾವ ಕಟ್ಟುವುದು ಅಂತ ಬಿಡಿಸಿ ಹೇಳಲಿಲ್ಲ.
ಗಾರೆಯವರು ಹದಿನಾಲ್ಕು ತಿಂಗಳಲ್ಲಿ ಕಟ್ಟಿ
ಸಾರುವೆ ಬಿಚ್ಚಿಕೊಂಡು ಹೋದರು.
ನಾವಿನ್ನೂ ಕಟ್ಟುತ್ತಲೇ ಇದ್ದೇವೆ.

ಮೂರು ವರ್ಷ ಕಳೆದ ಮೇಲೆ ಒಂದು ಮೆಸೇಜು:
ಬಡ್ಡಿ ದರ ಮುಕ್ಕಾಲು ಪರ್ಸೆಂಟ್ ಏರಿದೆ,
ನಿಮ್ಮ ಕಂತಿನಲ್ಲಿ ಬದಲಾವಣೆ ಇಲ್ಲ.
ಮರಿಮಾದು ಖುಷಿಗೆ ಅರ್ಧ ಕೆಜಿ ಮಟನ್ ತಂದ.
ನಾನೂ ಮಸಾಲೆ ರುಬ್ಬಿದೆ, ಸುಳ್ಳೇಕೆ.
ಕಂತನ್ನು ಅವರು ಮುಟ್ಟಿರಲಿಲ್ಲ, ನಿಜ.
ತುದಿಗೆ ಇಪ್ಪತ್ತೇಳು ತಿಂಗಳು ಹೊಲಿದಿದ್ದರು,
ಮಾದು ಕಾರಿನ ಸೀಟಿಗೆ ಕವರು ಹೊಲಿದ ಹಾಗೆ,
ದಾರ ಕಾಣದಂತೆ.
ಕೂಸೊಂದು ಹುಟ್ಟಿ, ನಡೆದು,
ಎದುರು ಮಾತಾಡುವಷ್ಟು ತಿಂಗಳು.

ಸಿಂಚನ ಎಂಟನೇ ಕ್ಲಾಸು. ಕ್ಯಾಲ್ಕುಲೇಟರ್ ಒತ್ತಿ ಹೇಳಿದಳು:
ತಗೊಂಡದ್ದು ಮೂವತ್ತು ಲಕ್ಷ,
ಕೊಡೋದು ಅರವತ್ತೊಂಬತ್ತೂವರೆ.
ಬಡ್ಡೀಲೇ ಇನ್ನೊಂದು ಮನೆ ಬರ್ತಿತ್ತಲ್ಲಮ್ಮ.
ಅದ್ರಲ್ಲಿ ಯಾರಿದ್ದಾರೆ?

ಆ ರಾತ್ರಿ ನಿದ್ದೆ ಬಾರದೆ
ಆ ಮನೆಯ ಬಾಗಿಲು ತಳ್ಳಿ ಒಳಗೆ ಹೋದೆ.
ಹಜಾರದಲ್ಲಿ ನನ್ನ ಡಬಲ್ ಡ್ಯೂಟಿಯ ಭಾನುವಾರಗಳು
ಕಾಲು ಚಾಚಿ ಮಲಗಿದ್ದವು.
ಮಾದು ಇಡಬೇಕೆಂದಿದ್ದ ಅಂಗಡಿಯ ಬೋರ್ಡು,
ಹೆಸರು ಬರೆಸಿರಲಿಲ್ಲ, ಗೋಡೆಗೆ ಒರಗಿತ್ತು.
ಅಡುಗೆಮನೆಯಲ್ಲಿ ನಾಳೆ ನೋಡೋಣ ಅಂತ ಬಿಟ್ಟ ನನ್ನ ದವಡೆ ಹಲ್ಲು.
ಗಾಳಿ ಬೆಳಕು ಚೆನ್ನಾಗಿದೆ ಅಲ್ಲಿ.
ಅಂದ್ರಹಳ್ಳಿಯ ನಮ್ಮ ಮೂರನೇ ಮಹಡಿಗಿಂತ
ಒಂದು ಕಿಟಕಿ ಜಾಸ್ತಿ.

ಹಾಗಂತ ಬೈಯಲು ಬಾಯಿ ಬರುವುದಿಲ್ಲ.
ಕಾಮಾಕ್ಷಿಪಾಳ್ಯದ ಬಾಡಿಗೆ ಮನೆಯಲ್ಲಿ
ಒಂದು ಮೊಳೆ ಹೊಡೆಯಲು ಓನರ್ ಹೆಂಡತಿಯನ್ನು ಕೇಳಬೇಕಿತ್ತು.
ಇಲ್ಲಿಗೆ ಬಂದ ದಿನವೇ ಏಳು ಮೊಳೆ ಹೊಡೆದೆ.
ಎರಡಕ್ಕೆ ಇನ್ನೂ ಏನೂ ತೂಗುಹಾಕಿಲ್ಲ.
ಇರಲಿ ಅಂತ.

ಬ್ಯಾಂಕಿನ ಫ್ಲೋರಿನ್ ಮೇಡಂ ಗಾಜಿನ ತೂತಿಗೆ ಬಾಯಿಟ್ಟು
ಯಾರಿಗೂ ಕೇಳದ ಹಾಗೆ ಹೇಳಿದ್ದರು:
ಸಾವಿರವೋ ಎರಡು ಸಾವಿರವೋ, ಕೈಲಾದಾಗ ಹೆಚ್ಚಿಗೆ ಕಟ್ಟಿ.
ಚೀಟಿಯಲ್ಲಿ ‘ಅಸಲಿಗೆ’ ಅಂತ ಬರೀರಿ, ಮರೀಬೇಡಿ.
ಬರೆಯದಿದ್ದರೆ ಅದು ಮುಂದಿನ ಕಂತಿಗೆ ಹೋಗಿಬಿಡ್ತದೆ.

ಓಟಿ ದುಡ್ಡು ಮೂರು ಸಾವಿರದ ನೂರು ಎಣಿಸಿ ಇಟ್ಟುಕೊಂಡೆ.
ಸೀಟಿನಲ್ಲಿ ಯಾರೋ ಬಿಟ್ಟುಹೋದ ಗುಲಾಬಿ ಟಿಕೆಟ್ಟು
ಬೆರಳಿಗೆ ಸಿಕ್ಕಿತು.
ಹಿಂಬದಿಯಲ್ಲಿ ಬರೆದು ನೋಡಿದೆ, ದಪ್ಪಗೆ: ಅಸಲಿಗೆ.
ಪೆನ್ನು ಒತ್ತಿದ್ದು ಜಾಸ್ತಿಯಾಗಿ
ಅಕ್ಷರ ಆಚೆ ಬದಿಗೂ ಉಬ್ಬಿ ಬಂತು,
ತಿರುವುಮುರುವಾಗಿ,
ಅಲ್ಲಿ ಅಚ್ಚಾಗಿದ್ದ ಸೊನ್ನೆಯ ಮೇಲೆ.